ಪಟ್ಟಿ ಓದುತ್ತಿದ್ದವರು ಪ್ರಧಾನಿಯಾದಾಗ

ಎಸ್ಟೋನಿಯಾದ ರಾಜಧಾನಿ ಟಾಲಿನ್‌ಗೆ ಬಂದ ಮೊದಲ ವರ್ಷದ ಮಾತು. ಮಾರ್ಚ್ 25ರ ಸಂಜೆ ಆಫೀಸು ಮುಗಿಸಿ ಮನೆಗೆ ಹೊರಟಿದ್ದೆ. ದಾರಿಯಲ್ಲಿ ಸ್ವಾತಂತ್ರ್ಯ ಚೌಕ ಸಿಗುತ್ತದೆ. ಅವತ್ತು ಅಲ್ಲಿ ನೆಲದ ತುಂಬಾ ದೀಪ. ಸಾವಿರಾರು ಪುಟ್ಟ ಮೇಣದ ದೀಪಗಳು. ಜನ ಬಗ್ಗಿ ಬಗ್ಗಿ ಹಚ್ಚುತ್ತಿದ್ದರು, ಗಾಳಿಗೆ ಆರಿದ್ದನ್ನು ಮತ್ತೆ ಹಚ್ಚುತ್ತಿದ್ದರು. ನನಗೆ ಧರ್ಮಸ್ಥಳದ ಲಕ್ಷದೀಪ ನೆನಪಾಯಿತು. ಏನೋ ಹಬ್ಬ ಇರಬೇಕು ಅಂದುಕೊಂಡು ಖುಷಿಯಿಂದ ಫೋಟೋ ತೆಗೆಯೋಕೆ ಹೋದೆ. ಜೊತೆಯಲ್ಲಿದ್ದ ಸಹೋದ್ಯೋಗಿ ಮೆಲ್ಲಗೆ ನನ್ನ ತೋಳು ಮುಟ್ಟಿ ಹೇಳಿದಳು: "ಇದು ಹಬ್ಬ ಅಲ್ಲ. 1949ರಲ್ಲಿ ರೈಲಿಗೆ ತುಂಬಿಕೊಂಡು ಹೋದರಲ್ಲ, ಅವರಿಗೆ ಒಬ್ಬೊಬ್ಬರಿಗೆ ಒಂದೊಂದು ದೀಪ. ಇದರಲ್ಲಿ ಒಂದು ನನ್ನ ಅಜ್ಜಿಯದು. ಆಗ ಅವರಿಗೆ ಏಳು ವರ್ಷ."

ಫೋನು ಒಳಗಿಟ್ಟೆ. ಅವಳು ಬಗ್ಗಿ ಒಂದು ದೀಪ ಹಚ್ಚಿದಳು. ನಾನೂ ಹಚ್ಚಿದೆ.

ಆ ಮಾರ್ಚ್‌ನ ನಾಲ್ಕೈದು ದಿನಗಳಲ್ಲಿ ಆಗ ಸೋವಿಯತ್ ಒಕ್ಕೂಟದ ಕೈಯಲ್ಲಿದ್ದ ಈ ಸಣ್ಣ ದೇಶದಿಂದ 20 ಸಾವಿರಕ್ಕೂ ಜಾಸ್ತಿ ಜನರನ್ನು ಸೋವಿಯತ್ ಅಧಿಕಾರಿಗಳು ಸೈಬೀರಿಯಾಗೆ ಸಾಗಿಸಿದರು. ಇವತ್ತಿಗೂ ಇಲ್ಲಿನ ಜನಸಂಖ್ಯೆ 13-14 ಲಕ್ಷ ಅಷ್ಟೆ. ನಸುಕಿನಲ್ಲಿ ಬಾಗಿಲು ಬಡಿಯುತ್ತಿದ್ದರು. ಪಟ್ಟಿ ಓದುತ್ತಿದ್ದರು. ಗಂಟು ಕಟ್ಟಿಕೊಳ್ಳೋಕೆ ಸ್ವಲ್ಪ ಹೊತ್ತು ಕೊಡುತ್ತಿದ್ದರು, ಆಮೇಲೆ ಲಾರಿ, ಆಮೇಲೆ ಸಾಮಾನು ಸಾಗಿಸುವ ರೈಲುಡಬ್ಬಿ. ಹೋದವರಲ್ಲಿ ಹೆಚ್ಚಿನವರು ಹೆಂಗಸರು, ಮಕ್ಕಳು, ವಯಸ್ಸಾದವರು. ಗಂಡಸರು ಎಷ್ಟೋ ಜನ ಆಗಲೇ ಸತ್ತಿದ್ದರು, ಇಲ್ಲವೇ ಜೈಲಿನಲ್ಲಿದ್ದರು, ಇಲ್ಲವೇ ಕಾಡು ಸೇರಿದ್ದರು. ಪಟ್ಟಿಯಲ್ಲಿದ್ದವರು ಸಿಗದೆ ಹೋದರೆ ಅಂತ ಇನ್ನೊಂದು ಮೀಸಲು ಪಟ್ಟಿಯೂ ಇತ್ತು. ಇದರ ಹಿಂದಿನ ಲೆಕ್ಕಾಚಾರ ಸರಳ: ಸ್ವಂತ ಜಮೀನು ಬಿಡದ ರೈತರನ್ನು ಹೆದರಿಸಿ ಸಾಮೂಹಿಕ ಬೇಸಾಯಕ್ಕೆ ಎಳೆಯಬೇಕಿತ್ತು. ಹೆದರಿದರು ಕೂಡ. ಅಲ್ಲಿವರೆಗೆ ಹತ್ತರಲ್ಲಿ ಒಂದು ಕುಟುಂಬವೂ ಸೇರದಿದ್ದ ಕೊಲ್ಖೋಜ್‌ಗೆ, ಅಂದರೆ ಸಾಮೂಹಿಕ ಬೇಸಾಯದ ಜಮೀನಿಗೆ, ಒಂದೇ ತಿಂಗಳಲ್ಲಿ ಅರ್ಧಕ್ಕಿಂತ ಜಾಸ್ತಿ ರೈತರು ಸೇರಿದರು.

ಇದನ್ನೆಲ್ಲ ತಿಳಿದುಕೊಳ್ಳುವಾಗ ನನಗೆ ಒಳಗೊಳಗೇ ಏನೋ ಕಲಸಿದ ಹಾಗೆ ಆಗುತ್ತಿತ್ತು. ಯಾಕೆಂದರೆ ನಾನು ಬೆಳೆದದ್ದು ಸೋವಿಯತ್ ಪುಸ್ತಕಗಳ ನಡುವೆ. ಅಪ್ಪ ನವಕರ್ನಾಟಕದ ಪುಸ್ತಕದ ವ್ಯಾನು ಊರಿಗೆ ಬಂದರೆ ಸಾಕು, ಕೈತುಂಬ ತರುತ್ತಿದ್ದರು. ಕಡಿಮೆ ಬೆಲೆ, ದಪ್ಪ ರಟ್ಟು, ಬಣ್ಣದ ಚಿತ್ರ, ಕನ್ನಡದಲ್ಲೇ ಕಥೆ. ‘ಸೋವಿಯತ್ ಲ್ಯಾಂಡ್’ ಪತ್ರಿಕೆಯ ನುಣುಪು ಹಾಳೆಯಲ್ಲಿ ನಮ್ಮ ಶಾಲೆಯ ಪುಸ್ತಕಗಳಿಗೆ ಬೈಂಡು ಹಾಕುತ್ತಿದ್ದೆವು. ಗೋಧಿಯ ಹೊಲ, ಟ್ರ್ಯಾಕ್ಟರಿನ ಮೇಲೆ ನಗುವ ಹೆಂಗಸು, ಕೆನ್ನೆ ಕೆಂಪಾದ ಮಕ್ಕಳು. ನಮ್ಮ ಮನೆಯಲ್ಲಿ ಕಮ್ಯುನಿಸ್ಟ್ ಅಂದರೆ ಗೇಣಿದಾರರ ಪರ ನಿಂತವರು, ಕೂಲಿಯವರ ಪರ ಮಾತಾಡಿದವರು, ಸುಳ್ಳು ಹೇಳದ ಬಡ ಮನುಷ್ಯರು. ಅಪ್ಪ ಹಾಗೇ ನಂಬಿದ್ದರು. ಅವರು ಕಂಡ ಮನುಷ್ಯರು ಹಾಗೇ ಇದ್ದರು ಕೂಡ. ಅದು ಸುಳ್ಳಲ್ಲ. ಆದರೆ ಆ ಟ್ರ್ಯಾಕ್ಟರಿನ ಹೊಲ ಯಾರದಾಗಿತ್ತು, ಅವರು ಎಲ್ಲಿಗೆ ಹೋದರು ಅಂತ ಆ ನುಣುಪು ಹಾಳೆ ಹೇಳುತ್ತಿರಲಿಲ್ಲ.

ಅದನ್ನು ಹೇಳೋಕೆ ಹೊರಟವರಲ್ಲಿ ಒಬ್ಬರು, ಮುಂದೆ ಎಸ್ಟೋನಿಯಾದ ಪ್ರಧಾನಿಯೂ ಆದ ಇತಿಹಾಸಕಾರ ಮಾರ್ತ್ ಲಾರ್. ಇವರ ಬಗ್ಗೆ ಬರೆಯಬೇಕು ಅಂತ ತುಂಬಾ ದಿನದಿಂದ ಮನಸ್ಸಿನಲ್ಲಿತ್ತು.

ಲಾರ್ ಹುಟ್ಟಿದ್ದು 1960ರಲ್ಲಿ, ವಿಲ್ಯಾಂಡಿ ಎಂಬ ಊರಲ್ಲಿ. ತಾರ್ತು ವಿಶ್ವವಿದ್ಯಾಲಯದಲ್ಲಿ ಇತಿಹಾಸ ಓದಿದರು. ಟಾಲಿನ್‌ನಲ್ಲಿ ಇತಿಹಾಸದ ಮೇಷ್ಟ್ರಾದರು. ಸುಮ್ನೆ ಯೋಚನೆ ಮಾಡಿ, ಸೋವಿಯತ್ ಕಾಲದಲ್ಲಿ ಇತಿಹಾಸದ ಮೇಷ್ಟ್ರಾಗುವುದು ಎಂಥ ಕಷ್ಟ. 1940ರಲ್ಲಿ ಎಸ್ಟೋನಿಯಾದ ಜನ ತಾವಾಗಿಯೇ ಸೋವಿಯತ್ ಒಕ್ಕೂಟ ಸೇರಿಕೊಂಡರು ಅಂತ ಪಠ್ಯಪುಸ್ತಕ ಹೇಳುತ್ತಿತ್ತು. ಎದುರಿಗೆ ಕೂತ ಮಕ್ಕಳ ಮನೆಗಳಲ್ಲಿ ಬೇರೆಯದೇ ಕಥೆ ಇತ್ತು, ಸೈನ್ಯ ತಂದು ಬಲವಂತವಾಗಿ ಸೇರಿಸಿಕೊಂಡ ಕಥೆ, ಅದೂ ಬಾಗಿಲು ಹಾಕಿಕೊಂಡು ಪಿಸುಮಾತಿನಲ್ಲಿ. ಮಕ್ಕಳು ಶಾಲೆಯಲ್ಲಿ ಬಾಯಿಬಿಟ್ಟರೆ ಅಂತ ಎಷ್ಟೋ ಮನೆಗಳಲ್ಲಿ ಅದನ್ನೂ ಹೇಳುತ್ತಿರಲಿಲ್ಲ.

ಲಾರ್ ಕೈಹಾಕಿದ ವಿಷಯ ‘ಮೆತ್ಸವೆನ್ನಾದ್’. ಕಾಡಿನ ಅಣ್ಣತಮ್ಮಂದಿರು ಅಂತ ಅರ್ಥ. ನಡುವೆ ಬಂದಿದ್ದ ಜರ್ಮನ್ನರನ್ನು ಓಡಿಸಿ ಸೋವಿಯತ್ ಸೇನೆ ಎರಡನೇ ಸಲ ಬಂದ 1944ರ ನಂತರ ಕಾಡು ಸೇರಿ, ನೆಲದಡಿ ಬಂಕರ್ ತೋಡಿಕೊಂಡು, ವರ್ಷಗಟ್ಟಲೆ ಹೋರಾಡಿದವರು. ಸರ್ಕಾರದ ಭಾಷೆಯಲ್ಲಿ ಅವರು ಡಕಾಯಿತರು. ಅವರಲ್ಲಿ ಕೊನೆಯವರು ಅಂತ ಹೇಳುವ ಔಗುಸ್ಟ್ ಸಬ್ಬೆ ಸತ್ತದ್ದು 1978ರಲ್ಲಿ. ಸೋವಿಯತ್ ಗುಪ್ತಚರ ಸಂಸ್ಥೆ ಕೆಜಿಬಿಯವರು ಮೀನು ಹಿಡಿಯುವವರ ವೇಷದಲ್ಲಿ ಬಂದಿದ್ದರು. ಸಬ್ಬೆ ಹೊಳೆಗೆ ಹಾರಿದರು, ಮೇಲೆ ಬರಲಿಲ್ಲ. ಆಗ ಲಾರ್‌ಗೆ 18 ವರ್ಷ. ಅಂದರೆ ಅವರಿಗೆ ಇದು ಹಳೇ ಕಾಲದ ಕಥೆ ಅಲ್ಲ, ಹೈಸ್ಕೂಲು ಮುಗಿಸುವ ಹೊತ್ತಿಗೂ ನಡೆಯುತ್ತಿದ್ದ ಸಂಗತಿ. 80ರ ದಶಕದಲ್ಲಿ ಅವರು ಬದುಕುಳಿದವರನ್ನು ಹುಡುಕಿ ಮಾತಾಡಿಸತೊಡಗಿದರು. 1987ರ ಕೊನೆಯಲ್ಲಿ ಎಸ್ಟೋನಿಯಾದ ಪರಂಪರೆ ಸಂಘ ಹುಟ್ಟಿತು, ಲಾರ್ ಅದರಲ್ಲಿ ಓಡಾಡಿದರು. ಪರಂಪರೆ ಅಂದಾಗ ಹಳೇ ಕಟ್ಟಡ, ಹಳೇ ಸ್ಮಾರಕ ಅಂತ ಅಧಿಕಾರಿಗಳಿಗೆ ಅನ್ನಿಸಿರಬೇಕು. ಸಂಘದವರು ಹಳ್ಳಿಹಳ್ಳಿಗೆ ಹೋಗಿ, 1918-20ರ ಸ್ವಾತಂತ್ರ್ಯ ಯುದ್ಧದ ಒಡೆದ ಸ್ಮಾರಕಗಳನ್ನು ಮತ್ತೆ ನಿಲ್ಲಿಸಿದರು. ಕೆಲವು ಕಡೆ ಊರಿನವರೇ ಕಲ್ಲಿನ ತುಂಡುಗಳನ್ನು ಹೂತಿಟ್ಟು ಕಾಪಾಡಿದ್ದರು! ಜೊತೆಗೆ ಜನರ ನೆನಪುಗಳನ್ನೂ ಬರೆದುಕೊಂಡರು. 1988ರ ಏಪ್ರಿಲ್‌ನಲ್ಲಿ ತಾರ್ತುವಿನಲ್ಲಿ ಈ ಸಂಘದವರು ನೀಲಿ, ಕಪ್ಪು, ಬಿಳಿ ಬಣ್ಣದ ಮೂರು ಬೇರೆ ಬೇರೆ ಬಟ್ಟೆಗಳನ್ನು ಪಕ್ಕಪಕ್ಕದಲ್ಲಿ ಹಿಡಿದು ನಡೆದರು. ಮೂರನ್ನೂ ಸೇರಿಸಿ ಹೊಲಿದರೆ ಅದು ನಿಷೇಧಿಸಿದ ರಾಷ್ಟ್ರಧ್ವಜ. ಬೇರೆ ಬೇರೆ ಹಿಡಿದರೆ ಬರೀ ಬಟ್ಟೆ. ನೋಡಿದವರು ಅತ್ತರಂತೆ.

ಅದೇ 1988ರಲ್ಲಿ ‘ವಿಕರ್‌ಕಾರ್’ ಎಂಬ ಪತ್ರಿಕೆಯಲ್ಲಿ ಲಾರ್ 40ರ ದಶಕದ ಕ್ರೌರ್ಯದ ಬಗ್ಗೆ ಒಂದು ಲೇಖನ ಬರೆದರು. ಸರ್ಕಾರಿ ವಕೀಲರ ಕಚೇರಿ ಅವರ ಮೇಲೆ ಕೇಸು ಹಾಕಿತು. ಆದರೆ ಕಾಲ ತಿರುಗಿತ್ತು. ಕೇಸು ಬಿದ್ದುಹೋಯಿತು. ಮರುವರ್ಷ ಆಗಸ್ಟ್ 23ರಂದು, ಹಿಟ್ಲರ್ ಮತ್ತು ಸ್ಟಾಲಿನ್ ಸರ್ಕಾರಗಳು ಒಪ್ಪಂದ ಮಾಡಿಕೊಂಡು ಒಳಗುಟ್ಟಾಗಿ ಎಸ್ಟೋನಿಯಾ, ಲಾಟ್ವಿಯಾ, ಲಿಥುವೇನಿಯಾ ದೇಶಗಳನ್ನು ಹಂಚಿಕೊಂಡು 50 ವರ್ಷ ತುಂಬಿದ ದಿನ, ಟಾಲಿನ್‌ನಿಂದ ಲಿಥುವೇನಿಯಾದ ವಿಲ್ನಿಯಸ್‌ವರೆಗೆ 600 ಕಿಲೋಮೀಟರಿಗೂ ಜಾಸ್ತಿ ಉದ್ದಕ್ಕೆ ಸುಮಾರು 20 ಲಕ್ಷ ಜನ ಕೈ ಕೈ ಹಿಡಿದು ನಿಂತರು. 1991ರ ಆಗಸ್ಟ್ 20ಕ್ಕೆ ಎಸ್ಟೋನಿಯಾ ಮತ್ತೆ ಸ್ವತಂತ್ರವಾಯಿತು.

1992ರ ಅಕ್ಟೋಬರ್‌ನಲ್ಲಿ ಆ ಇತಿಹಾಸದ ಮೇಷ್ಟ್ರು ಪ್ರಧಾನಿಯಾದರು. ವಯಸ್ಸು 32.

ಅವರ ಪಕ್ಷದ ಚುನಾವಣಾ ಘೋಷಣೆಯನ್ನು ನಮ್ಮ ಮಾತಿನಲ್ಲಿ ಹೇಳುವುದಾದರೆ ‘ಜಾಗ ಗುಡಿಸಿ ಚೊಕ್ಕ ಮಾಡೋಣ’. ಆ ವರ್ಷ ಬೆಲೆ ಏರಿಕೆ ಸಾವಿರ ಪರ್ಸೆಂಟ್ ದಾಟಿತ್ತು. ಹೊಸ ನಾಣ್ಯ ಕ್ರೂನ್ ಜೂನ್‌ನಲ್ಲೇ, ಹಿಂದಿನ ಸರ್ಕಾರದ ಕಾಲದಲ್ಲಿ ಬಂದಿತ್ತು: ಒಬ್ಬರಿಗೆ 1500 ರೂಬಲ್‌ವರೆಗೆ, ಹತ್ತು ರೂಬಲ್‌ಗೆ ಒಂದು ಕ್ರೂನ್. ಅರ್ಥಶಾಸ್ತ್ರದಲ್ಲಿ ತಾನು ಓದಿದ್ದು ಒಂದೇ ಪುಸ್ತಕ ಅಂತ ಲಾರ್ ಅವರೇ ಹೇಳಿಕೊಂಡಿದ್ದಾರೆ. ಆಮದು ಸುಂಕ ತೆಗೆದರು, ಮುಳುಗುವ ಕಾರ್ಖಾನೆಗಳಿಗೆ ದುಡ್ಡು ಕೊಡುವುದನ್ನು ನಿಲ್ಲಿಸಿದರು, 1994ರಿಂದ ಬಡವ ಬಲ್ಲಿದ ಎಲ್ಲರಿಗೂ ಒಂದೇ ದರದಲ್ಲಿ 26 ಪರ್ಸೆಂಟ್ ಆದಾಯ ತೆರಿಗೆ ತಂದರು. ಲಾರ್ ಹೆಸರು ಹೊರಗಿನ ಜಗತ್ತಿಗೆ ಗೊತ್ತಿರುವುದು ಇದರಿಂದಲೇ. ಇದರ ಬಗ್ಗೆ ಬೇಕಾದಷ್ಟು ಜನ ಬರೆದಿದ್ದಾರೆ, ನಾನು ಇಲ್ಲಿಗೇ ಬಿಡುತ್ತೇನೆ. ನನ್ನನ್ನು ಕಾಡುವುದು ಬೇರೆ.

ಜೀವನವಿಡೀ ಪಟ್ಟಿಗಳನ್ನು ಓದಿದವರು ಅವರು. ಯಾರನ್ನು ಒಯ್ದರು, ಯಾರನ್ನು ಕೊಂದರು, ಯಾರು ಸಹಿ ಹಾಕಿದರು ಅನ್ನುವ ಪಟ್ಟಿಗಳು. ಈಗ ಅವರೇ ಪಟ್ಟಿ ಮಾಡುವ ಕುರ್ಚಿಯಲ್ಲಿ ಕೂತರು. ಯಾವ ಸರ್ಕಾರಕ್ಕಾದರೂ ಅದು ತಪ್ಪಿದ್ದಲ್ಲ, ಅಲ್ವಾ? ಯಾರು ನಮ್ಮ ಪ್ರಜೆ, ಯಾರಲ್ಲ. ಯಾವ ಮನೆ ಯಾರದು. ಯಾರು ಅಧಿಕಾರದಲ್ಲಿ ಮುಂದುವರಿಯಬಹುದು, ಯಾರು ಮನೆಗೆ ಹೋಗಬೇಕು.

1940ರಲ್ಲಿ ನಡೆದದ್ದು ಕಾನೂನಿಗೆ ವಿರುದ್ಧ ಅಂತ ಇತಿಹಾಸಕಾರ ಬರೆದರೆ ಅದೊಂದು ವಾಕ್ಯ. ಪುಸ್ತಕದಲ್ಲಿ ಇರುತ್ತದೆ. ಅದೇ ವಾಕ್ಯ ರಾಜ್ಯದ ಅಡಿಪಾಯವಾದರೆ ಏನಾಗುತ್ತದೆ ನೋಡಿ. 1940ಕ್ಕೆ ಮೊದಲು ಪ್ರಜೆಗಳಾಗಿದ್ದವರು ಮತ್ತು ಅವರ ಮಕ್ಕಳು ಮೊಮ್ಮಕ್ಕಳು ತಾನಾಗಿಯೇ ಪ್ರಜೆಗಳು. ಆಮೇಲೆ ಬಂದವರು ಮತ್ತು ಅವರಿಗೆ ಇಲ್ಲಿ ಹುಟ್ಟಿದ ಮಕ್ಕಳು ಎಸ್ಟೋನಿಯನ್ ಭಾಷೆಯ ಪರೀಕ್ಷೆ ಬರೆದು ಅರ್ಜಿ ಹಾಕಬೇಕು. ಈ ತೀರ್ಮಾನ ಲಾರ್ ಪ್ರಧಾನಿಯಾಗುವ ಮೊದಲೇ ಆಗಿತ್ತು, ಆದರೆ ಅವರ ಪಕ್ಷದ ನಂಬಿಕೆಯೂ ಅದೇ, ಅದನ್ನು ನಡೆಸಿಕೊಂಡು ಹೋದದ್ದೂ ಅವರ ಸರ್ಕಾರ. 1992ರಲ್ಲಿ ದೇಶದ ಸುಮಾರು ಮೂರನೇ ಒಂದು ಪಾಲು ಜನ ಯಾವ ದೇಶದ ಪ್ರಜೆಯೂ ಅಲ್ಲದೆ ನಿಂತರು. ಹೆಚ್ಚಿನವರು ರಷ್ಯನ್ ಮಾತಾಡುವವರು.

ನಾನು ಇರುವುದು ಲಾಸ್ನಮ್ಯಾಎಯಲ್ಲಿ, ಸೋವಿಯತ್ ಕಾಲದ ದೊಡ್ಡ ದೊಡ್ಡ ಕಾಂಕ್ರೀಟ್ ವಠಾರ. ನಮ್ಮ ಮಹಡಿಯಲ್ಲೇ ಒಬ್ಬ ಹಿರಿಯ ಹೆಂಗಸು ಇದ್ದಾರೆ. ಬಟ್ಟೆ ಗಿರಣಿಯಲ್ಲಿ ದುಡಿದವರು. ನಾನು ಉಪ್ಪಿಟ್ಟು ಕೊಟ್ಟರೆ ಮರುದಿನ ಅದೇ ಡಬ್ಬಿಯಲ್ಲಿ ಎಲೆಕೋಸಿನ ಕಡುಬು ತುಂಬಿಸಿ ಕೊಡುತ್ತಾರೆ. ಅವರ ಬಳಿ ಇರುವುದು ಬೂದು ಬಣ್ಣದ ಪಾಸ್‌ಪೋರ್ಟ್, ಯಾವ ದೇಶಕ್ಕೂ ಸೇರದವರಿಗೆ ಇಲ್ಲಿ ಕೊಡುವಂಥದ್ದು. ಹುಟ್ಟಿದ್ದು ಟಾಲಿನ್‌ನಲ್ಲಿ. ಒಮ್ಮೆ ಕೇಳಿದೆ, ಪರೀಕ್ಷೆ ಬರೆಯಬಹುದಿತ್ತಲ್ಲ ಅಂತ. ಅವರು ಸಿಟ್ಟಾಗಲಿಲ್ಲ. "ನೀನು ಬೇರೆ ಕಡೆಯಿಂದ ಬಂದವಳು, ನೀನು ಅರ್ಜಿ ಹಾಕಬೇಕು, ಸರಿ. ನಾನು ಎಲ್ಲಿಂದ ಬಂದೆ?" ಅಂದರು.

ಉತ್ತರ ನನ್ನ ಬಳಿ ಇರಲಿಲ್ಲ. ಈಗಲೂ ಇಲ್ಲ. ನನ್ನ ಸಹೋದ್ಯೋಗಿಯ ಅಜ್ಜಿಯ ಮನೆಯನ್ನು ಈ ಹೆಂಗಸು ಕಿತ್ತುಕೊಂಡಿಲ್ಲ. ಆದರೆ ಆ ಅಜ್ಜಿ ಸೈಬೀರಿಯಾದಿಂದ ವಾಪಸು ಬಂದಾಗ ಮನೆಯಲ್ಲಿ ಬೇರೆ ಯಾರೋ ಇದ್ದರು, ಅದೂ ನಿಜ. ಮನೆಗಳ ವಿಷಯದಲ್ಲೂ ಇದೇ ಗೋಜಲು ನಡೆಯಿತು. ಸೋವಿಯತ್ ಸರ್ಕಾರ ವಶಪಡಿಸಿಕೊಂಡಿದ್ದ ಮನೆಗಳನ್ನು ಹಳೇ ಮಾಲೀಕರಿಗೆ, ಅವರ ವಾರಸುದಾರರಿಗೆ ಹಿಂತಿರುಗಿಸುವ ಕಾನೂನು ಬಂತು. ನ್ಯಾಯವೇ. ಆದರೆ ಆ ಮನೆಗಳಲ್ಲಿ ನಲವತ್ತು ವರ್ಷದಿಂದ ಬಾಡಿಗೆಗೆ ಇದ್ದವರು, ಸರ್ಕಾರ ಕೊಟ್ಟ ಮನೆ ಅಂತ ನಂಬಿ ಸಂಸಾರ ಮಾಡಿದವರು, ಒಂದು ದಿನ ಬೆಳಗಾಗುವಷ್ಟರಲ್ಲಿ ಬೇರೆಯವರ ಮನೆಯ ಬಾಡಿಗೆದಾರರಾದರು. ಅವರಲ್ಲಿ ಎಸ್ಟೋನಿಯನ್ನರೂ ಬೇಕಾದಷ್ಟು ಇದ್ದರು.

ನನ್ನ ಅಭಿಪ್ರಾಯ ಹೇಳಿಬಿಡುತ್ತೇನೆ. 1940ರ ಸುಳ್ಳನ್ನು ಒಪ್ಪದೆ ನಿಂತದ್ದು ಸರಿ. ಅದನ್ನು ಒಪ್ಪಿದ್ದರೆ ಆ ಇಪ್ಪತ್ತು ಸಾವಿರ ದೀಪಗಳಿಗೆ ಅರ್ಥವೇ ಇರುತ್ತಿರಲಿಲ್ಲ. ಆದರೆ ಇಲ್ಲೇ ಹುಟ್ಟಿದ ಮಕ್ಕಳನ್ನು ಮೊದಲ ದಿನವೇ ಒಳಗೆ ಕರೆದುಕೊಳ್ಳಬೇಕಿತ್ತು. ಅದಕ್ಕೆ ತುಂಬಾ ವರ್ಷ ಬೇಕಾಯಿತು. 1998ರಲ್ಲಿ ಅರ್ಧ ಬಾಗಿಲು ತೆರೆದರು, 2016ರಿಂದ ಯಾವ ದೇಶಕ್ಕೂ ಸೇರದ ಅಪ್ಪ ಅಮ್ಮನಿಗೆ ಇಲ್ಲಿ ಹುಟ್ಟುವ ಮಕ್ಕಳಿಗೆ ಪೌರತ್ವ ತಾನಾಗಿಯೇ ಸಿಗುತ್ತಿದೆ. ತಪ್ಪು ಮಾಡಿದವನ ಹೆಸರು ಹುಡುಕಿ ಹೇಳುವುದು ಇತಿಹಾಸಕಾರನ ಕೆಲಸ. ರಾಜ್ಯ ಆ ಕೆಲಸವನ್ನು ಒಂದು ತಾರೀಕು ಇಟ್ಟುಕೊಂಡು ಮಾಡಲು ಹೊರಟರೆ, ತಪ್ಪು ಮಾಡದವರೂ ತಾರೀಕಿನ ಆ ಕಡೆ ಬೀಳುತ್ತಾರೆ.

ಸೈನ್ಯದ ವಿಷಯ ಬಂದಾಗ ಲಾರ್ ಸರ್ಕಾರವೂ ನುಂಗಿಕೊಳ್ಳಬೇಕಾಯಿತು. ಸ್ವಾತಂತ್ರ್ಯ ಬಂದು ಮೂರು ವರ್ಷವಾದರೂ ರಷ್ಯಾದ ಸೈನ್ಯ ಇಲ್ಲೇ ಇತ್ತು. 1994ರ ಜುಲೈನಲ್ಲಿ ಅಧ್ಯಕ್ಷ ಲೆನ್ನಾರ್ಟ್ ಮೆರಿ ಮಾಸ್ಕೋಗೆ ಹೋಗಿ ರಷ್ಯಾದ ಅಧ್ಯಕ್ಷ ಯೆಲ್ಟ್ಸಿನ್ ಜೊತೆ ಕೂತು ಒಪ್ಪಂದ ಮಾಡಿಕೊಂಡು ಬಂದರು. ಸೈನ್ಯ ಹೋಗುತ್ತದೆ, ಬದಲಿಗೆ ನಿವೃತ್ತ ಸೋವಿಯತ್ ಸೈನಿಕ ಅಧಿಕಾರಿಗಳು ಇಲ್ಲೇ ಇರಬಹುದು. ಎಷ್ಟೋ ಜನಕ್ಕೆ ಹೊಟ್ಟೆ ಉರಿಯಿತು. ಆಗಸ್ಟ್ 31ಕ್ಕೆ ಸೈನ್ಯ ಹೊರಟಿತು.

ಲೆನ್ನಾರ್ಟ್ ಮೆರಿ ಹೆಸರು ಬಂದಮೇಲೆ ಅವರ ಮನೆಯ ಕಥೆ ಹೇಳದೆ ಮುಂದೆ ಹೋಗಲಾರೆ. ಬರಹಗಾರ, ಸಾಕ್ಷ್ಯಚಿತ್ರ ಮಾಡಿದವರು. 1941ರ ಜೂನ್ 14ರಂದು, ಮೊದಲ ದೊಡ್ಡ ಗಡೀಪಾರಿನ ದಿನ, ಸುಮಾರು ಹತ್ತು ಸಾವಿರ ಜನರ ಜೊತೆ ಅವರನ್ನೂ ರೈಲಿಗೆ ಹತ್ತಿಸಿದ್ದರು. ಆಗ ಅವರಿಗೆ 12 ವರ್ಷ. ಸೈಬೀರಿಯಾದಲ್ಲಿ ಮರ ಕಡಿದರು, ಆಲೂಗೆಡ್ಡೆ ಸುಲಿದರು, ಬದುಕಿ ಬಂದರು. ಅವರ ಸೋದರ ಸಂಬಂಧಿ ಆರ್ನಾಲ್ಡ್ ಮೆರಿ ಸೋವಿಯತ್ ಸೈನ್ಯದಲ್ಲಿ ಹೋರಾಡಿ ‘ಸೋವಿಯತ್ ಒಕ್ಕೂಟದ ವೀರ’ ಪದಕ ಪಡೆದವರು. 1949ರಲ್ಲಿ ಹೀಉಮಾ ದ್ವೀಪದಿಂದ 251 ಜನರನ್ನು ಸಾಗಿಸಿದ್ದರಲ್ಲಿ ಪಾತ್ರ ಇತ್ತು ಅಂತ ಮುಂದೆ ಅದೇ ಎಸ್ಟೋನಿಯಾದ ಕೋರ್ಟಿನಲ್ಲಿ ಅವರ ಮೇಲೆ ವಿಚಾರಣೆ ನಡೆಯಿತು. ಅವರು ತಪ್ಪು ಒಪ್ಪಲಿಲ್ಲ. ತೀರ್ಪು ಬರುವ ಮೊದಲೇ 2009ರಲ್ಲಿ ತೀರಿಕೊಂಡರು, ಆಗ ವಯಸ್ಸು 89. ಒಂದೇ ಮನೆತನ, ಒಬ್ಬರು ಪಟ್ಟಿಯಲ್ಲಿದ್ದವರು, ಇನ್ನೊಬ್ಬರು ಪಟ್ಟಿ ಹಿಡಿದು ಹೋದವರು ಅನ್ನುವ ಆರೋಪ ಹೊತ್ತವರು. ಸಣ್ಣ ದೇಶದಲ್ಲಿ ಇಂಥದ್ದು ಮನೆಯೊಳಗೇ ಇರುತ್ತದೆ.

ಶಿಕ್ಷೆಯಾದವರೂ ಕೆಲವರಿದ್ದಾರೆ. 2003ರಲ್ಲಿ ಇಬ್ಬರಿಗೆ 1949ರ ಗಡೀಪಾರಿಗಾಗಿ ಎಂಟು ವರ್ಷ ಶಿಕ್ಷೆಯಾಯಿತು, ಆದರೆ ವಯಸ್ಸಾದವರನ್ನು ಜೈಲಿಗೆ ಹಾಕದೆ ಶಿಕ್ಷೆಯನ್ನು ಅಮಾನತಿನಲ್ಲಿಟ್ಟರು. ಅವರು ಯುರೋಪಿನ ಮಾನವ ಹಕ್ಕು ನ್ಯಾಯಾಲಯಕ್ಕೆ ಹೋದರು. 2006ರಲ್ಲಿ ಅದು ಅವರ ಅರ್ಜಿಯನ್ನು ತಳ್ಳಿಹಾಕಿತು. ಕೆಜಿಬಿಗೆ ಕೆಲಸ ಮಾಡಿದವರ ವಿಷಯದಲ್ಲಿ ಇಲ್ಲಿನವರು ಹಿಡಿದ ದಾರಿ ನನಗೆ ಇಷ್ಟವಾಯಿತು. ಲಾರ್ ಇಳಿದ ಮೇಲೆ, 1995ರಲ್ಲಿ ಬಂದ ಕಾನೂನು ಅದು. ಒಂದು ವರ್ಷದೊಳಗೆ ನೀವಾಗಿಯೇ ಬಂದು ಹೇಳಿದರೆ ನಿಮ್ಮ ಹೆಸರು ಗುಟ್ಟಾಗಿರುತ್ತದೆ. ಹೇಳದೆ ಸಿಕ್ಕಿಬಿದ್ದರೆ ಸರ್ಕಾರಿ ಗೆಜೆಟ್‌ನಲ್ಲಿ ಹೆಸರು. ಸಾವಿರಕ್ಕೂ ಜಾಸ್ತಿ ಜನ ಬಂದು ಹೇಳಿದರು. ಕೊನೆಗೂ ಒಂದು ಪಟ್ಟಿ ಬಾಯಿಮುಚ್ಚಿ ಕೂತಿತು.

ಲಾರ್ ಹೇಗೆ ಇಳಿದರು ಅಂತಲೂ ಹೇಳಬೇಕು. ಕ್ರೂನ್ ಬಂದಾಗ ಜನರಿಂದ ವಾಪಸು ಪಡೆದ 200 ಕೋಟಿಗೂ ಜಾಸ್ತಿ ಹಳೇ ರೂಬಲ್‌ಗಳನ್ನು ಅವರ ಸರ್ಕಾರ ಗುಟ್ಟಾಗಿ ಮಾರಿತ್ತು. ಅದು ರಷ್ಯಾದಿಂದ ಬೇರೆಯಾಗಲು ಹೊರಟಿದ್ದ ಚೆಚೆನ್ಯಾಗೆ ಹೋಯಿತು. ವಿಷಯ ಹೊರಬಿದ್ದ ಮೇಲೆ 1994ರ ಸೆಪ್ಟೆಂಬರ್ 26ರಂದು ಅವಿಶ್ವಾಸ ಮತದಲ್ಲಿ ಸೋತರು. ನನಗೆ ಇದು ನಿಜವಾಗಿಯೂ ಬೇಸರ ತರಿಸುತ್ತದೆ. ಮುಚ್ಚಿಟ್ಟದ್ದನ್ನು ತೆರೆಯಿರಿ ಅಂತ ಹತ್ತು ವರ್ಷ ಕೂಗಿದವರು ಸ್ವತಃ ಒಂದು ಸಂಗತಿಯನ್ನು ಮುಚ್ಚಿಟ್ಟರು, ಪಾರ್ಲಿಮೆಂಟಿಗೂ ಹೇಳಲಿಲ್ಲ. ಎರಡು ದಿನದ ಮೇಲೆ ‘ಎಸ್ಟೋನಿಯಾ’ ಹಡಗು ಬಾಲ್ಟಿಕ್ ಸಮುದ್ರದಲ್ಲಿ ಮುಳುಗಿ 852 ಜನ ಸತ್ತರು. ಹೊಸ ಸರ್ಕಾರ ಬರುವವರೆಗೆ ಆ ದುಃಖದ ದಿನಗಳನ್ನು ನೋಡಿಕೊಂಡವರು ಸೋತ ಪ್ರಧಾನಿಯೇ. 1999ರಿಂದ 2002ರವರೆಗೆ ಮತ್ತೆ ಪ್ರಧಾನಿಯಾದರು, 2011ರಲ್ಲಿ ರಕ್ಷಣಾ ಸಚಿವರಾದರು.

ಇನ್ನೊಂದು ಮಾತು ಹೇಳದೆ ಹೋದರೆ ಮೋಸವಾಗುತ್ತದೆ. 1941ರಲ್ಲಿ ಜರ್ಮನ್ನರು ಬಂದಾಗ ಎಸ್ಟೋನಿಯಾದಲ್ಲಿ ಉಳಿದಿದ್ದ ಸುಮಾರು ಸಾವಿರ ಯೆಹೂದಿಗಳಲ್ಲಿ ಹೆಚ್ಚುಕಡಿಮೆ ಎಲ್ಲರನ್ನೂ ಕೊಂದರು. ಅದರಲ್ಲಿ ಇಲ್ಲಿನವರ ಕೈಯೂ ಇತ್ತು. 1942ರ ಜನವರಿಯಲ್ಲಿ ಬರ್ಲಿನ್‌ನ ವಾನ್‌ಜೇಯಲ್ಲಿ ನಾಜಿಗಳು ಮುಂದಿಟ್ಟುಕೊಂಡ ಪಟ್ಟಿಯಲ್ಲಿ ಎಸ್ಟೋನಿಯಾದ ಎದುರು ‘ಯೆಹೂದಿಗಳಿಲ್ಲ’ ಅಂತ ಆಗಲೇ ಬರೆದಿತ್ತು. ಆ ಪಟ್ಟಿಯೂ ಈ ದೇಶದ ಇತಿಹಾಸವೇ. ಜರ್ಮನ್ ಸಮವಸ್ತ್ರದಲ್ಲಿ ಹೋರಾಡಿ ಆಮೇಲೆ ಕಾಡು ಸೇರಿದವರೂ ಮೆತ್ಸವೆನ್ನಾದ್‌ಗಳಲ್ಲಿ ಇದ್ದರು. 1944ರಲ್ಲಿ ಜರ್ಮನ್ನರ ಕಡೆ ನಿಂತು ರೆಡ್ ಆರ್ಮಿಯನ್ನು ತಡೆದ ಎಸ್ಟೋನಿಯನ್ನರ ಬಗ್ಗೆ ಲಾರ್ ಮರುಕದಿಂದ ಬರೆದಿದ್ದಾರೆ. ಒಂದು ಕಡೆಯ ನೋವು ಬರೆಯುವಾಗ ಇನ್ನೊಂದು ಕಡೆಯದು ಸಣ್ಣದಾಗುತ್ತದೆ ಅಂತ ಅವರ ಥರದ ಇತಿಹಾಸಕಾರರನ್ನು ಟೀಕಿಸುವವರಿದ್ದಾರೆ. ಆ ಟೀಕೆಯನ್ನು ತಳ್ಳಿಹಾಕಲಾರೆ. 1998ರಲ್ಲಿ ಲೆನ್ನಾರ್ಟ್ ಮೆರಿ ಫಿನ್ಲೆಂಡಿನ ಮ್ಯಾಕ್ಸ್ ಯಾಕಬ್ಸನ್ ಮುಂದಾಳತ್ವದಲ್ಲಿ ಹೊರದೇಶದವರದೇ ಒಂದು ಆಯೋಗ ಮಾಡಿ, ಸೋವಿಯತ್, ನಾಜಿ ಎರಡೂ ಕಾಲದ ಅಪರಾಧಗಳನ್ನು ನೋಡಲು ಹೇಳಿದರು. ನನ್ನ ಪ್ರಕಾರ ಅದು ಅವರು ಮಾಡಿದ ತುಂಬಾ ಒಳ್ಳೆಯ ಕೆಲಸ. ನಮ್ಮ ಗಾಯದ ಲೆಕ್ಕವನ್ನು ನಾವೇ ಬರೆಯುವಾಗ ಪಕ್ಕದಲ್ಲಿ ಬೇರೆಯವರೊಬ್ಬರು ಕೂತಿರಬೇಕು.

ಇತಿಹಾಸದಿಂದ ರಾಜಕೀಯಕ್ಕೆ ಹೋದವರು ಲಾರ್ ಒಬ್ಬರೇ ಅಲ್ಲ. ಕೆಜಿಬಿ ಕಡತಗಳನ್ನು ಓದಿದ ಲಿಥುವೇನಿಯಾದ ಅರ್ವಿದಸ್ ಅನುಶೌಸ್ಕಸ್ 2020ರಲ್ಲಿ ಅಲ್ಲಿನ ರಕ್ಷಣಾ ಸಚಿವರಾದರು. ಉಕ್ರೇನಿನ ವೊಲೊದಿಮಿರ್ ವ್ಯಾತ್ರೊವಿಚ್ ದೇಶದ ಇತಿಹಾಸದ ನೆನಪು ಕಾಪಾಡುವ ಸರ್ಕಾರಿ ಸಂಸ್ಥೆ ನಡೆಸಿ, 2019ರಲ್ಲಿ ಸಂಸತ್ತಿಗೆ ಬಂದರು. ಪೋಲೆಂಡಿನಲ್ಲಿ ಅಂಥದೇ ಸಂಸ್ಥೆಯ ಮುಖ್ಯಸ್ಥರಾಗಿದ್ದ ಕರೋಲ್ ನವ್ರೋತ್ಸ್ಕಿ 2025ರಲ್ಲಿ ದೇಶದ ಅಧ್ಯಕ್ಷರೇ ಆದರು. ಇವರ ರಾಜಕೀಯ ಒಂದೇ ಅಲ್ಲ, ಎಲ್ಲರನ್ನೂ ಒಂದೇ ತಕ್ಕಡಿಯಲ್ಲಿ ತೂಗಬಾರದು. ಆದರೆ ಪಕ್ಷಕ್ಕೆ ಸೇರಿದ ಇತಿಹಾಸಕಾರ ಕಡತ ತೆರೆದಾಗಲೆಲ್ಲ, ಇದು ಈಗ ಯಾಕೆ, ಯಾರ ವಿರುದ್ಧ ಅಂತ ಜನ ಕೇಳಿಯೇ ಕೇಳುತ್ತಾರೆ. ಸತ್ತವರ ಹೆಸರಿನ ಮೇಲೆ ಚುನಾವಣೆಯ ನೆರಳು ಬೀಳುತ್ತದೆ. ನನಗೆ ಹೆದರಿಕೆ ಇರುವುದು ಅದರದ್ದು.

2012ರಲ್ಲಿ ಲಾರ್‌ಗೆ ಪಾರ್ಶ್ವವಾಯು ಹೊಡೆಯಿತು. ಸಚಿವ ಸ್ಥಾನ ಬಿಟ್ಟರು. ಆಮೇಲೂ ಇತಿಹಾಸ ಬರೆಯುವುದನ್ನು ಬಿಡಲಿಲ್ಲ.

ಕಳೆದ ಮಾರ್ಚ್‌ನಲ್ಲಿ ಮಗಳನ್ನೂ ಚೌಕಕ್ಕೆ ಕರೆದುಕೊಂಡು ಹೋಗಿದ್ದೆ. ಯಾವ ದೀಪ ಯಾರದು ಅಂತ ಕೇಳಿದಳು. ದೀಪದ ಮೇಲೆ ಹೆಸರಿಲ್ಲ ಅಂದೆ. ಹೆಸರಿರುವುದು ಸಮುದ್ರದ ದಂಡೆಯ ಮಾರ್ಯಮ್ಯಾಎಯಲ್ಲಿ. 2018ರಲ್ಲಿ ತೆರೆದ ಸ್ಮಾರಕ ಅದು. ಎರಡು ಎತ್ತರದ ಕಪ್ಪು ಗೋಡೆ, ನಡುವೆ ದಾರಿ, ಆಚೆ ಸೇಬಿನ ಗಿಡಗಳ ತೋಟ, ತೋಟದ ಗೋಡೆಯ ಮೇಲೆ ಲೋಹದ ಜೇನುಹುಳಗಳು. ಅಲ್ಲಿ ಬರೆದಿರುವುದು ವಾಪಸು ಬಾರದವರ ಹೆಸರುಗಳು, 22 ಸಾವಿರಕ್ಕೂ ಜಾಸ್ತಿ. ಮುಂದಿನ ಭಾನುವಾರ ಅಲ್ಲಿಗೆ ಹೋದೆವು. ಗಾಳಿ ಕೊರೆಯುತ್ತಿತ್ತು. "ಅಮ್ಮಾ, ಇಷ್ಟೊಂದು ಹೆಸರು ಯಾರು ಹುಡುಕಿದ್ರು?" ಅಂದಳು. ಅಡುಗೆಮನೆಗಳಲ್ಲಿ ಕೂತು ಹಳಬರ ಮಾತು ಬರೆದುಕೊಂಡವರ ಬಗ್ಗೆ ಹೇಳಿದೆ. ಅವಳು ಅಷ್ಟರಲ್ಲಿ ಮುಂದೆ ಹೋಗಿದ್ದಳು. ತನ್ನ ಕ್ಲಾಸಿನ ಹುಡುಗನೊಬ್ಬನ ಮನೆತನದ ಹೆಸರು ಸಿಕ್ಕಿತ್ತು. ಒಂದರ ಕೆಳಗೊಂದು ಅದೇ ಹೆಸರು. ಕೈಗವಸು ತೆಗೆದು, ಬೆರಳಿಟ್ಟು, ಕನ್ನಡದಲ್ಲಿ ಎಣಿಸುತ್ತಿದ್ದಳು. ಒಂದು, ಎರಡು, ಮೂರು, ನಾಲ್ಕು, ಐದು.